ಕೈ ಬಲ್ಲದ್ದನ್ನು ಕಾಗದ ಬಲ್ಲದೆ?

ವಿಮರ್ಶೆ ಅಂದ ತಕ್ಷಣ ನಮ್ಮವರು ಕವನಸಂಕಲನದ ಕಡೆಗೋ ಕಾದಂಬರಿಯ ಕಡೆಗೋ ತಿರುಗುತ್ತಾರೆ. ಈ ಸಲ ನಾನು ವಿಮರ್ಶೆಗೆ ಎತ್ತಿಕೊಂಡಿರುವುದು ಒಂದು ಕಾಗದವನ್ನು. ಕಸುಬುದಾರರಿಗೆ ಕೊಡುವ ಸರ್ಟಿಫಿಕೇಟು ಅದು. ನಮ್ಮ ಕೇರಿಗಳಿಗೆ ಇವತ್ತು ಕವಿತೆಗಿಂತ ಹೆಚ್ಚಾಗಿ ಬಂದು ಮುಟ್ಟುತ್ತಿರುವ ಅಚ್ಚಿನ ಹಾಳೆ ಇದು. ಗಾರೆಯವರಿಗೆ, ಚಪ್ಪಲಿ ಹೊಲಿಯುವವರಿಗೆ, ಬುಟ್ಟಿ ಹೆಣೆಯುವವರಿಗೆ, ವೈರಿಂಗ್ ಮಾಡುವ ಹುಡುಗರಿಗೆ ಇದನ್ನು ಹಂಚುತ್ತಾರೆ. ನೀನು ಕೆಲಸ ಬಲ್ಲವನು ಎಂದು ಅದರಲ್ಲಿ ಬರೆದಿರುತ್ತದೆ. ಹಾಗೆ ಬರೆದವರು ಯಾರು? ಅವರಿಗೆ ಆ ಅಧಿಕಾರ ಎಲ್ಲಿಂದ ಬಂತು? ಬರೆದ ಮೇಲೆ ಕಸುಬುದಾರನ ಬದುಕಿನಲ್ಲಿ ಏನು ಬದಲಾಯಿತು? ಒಂದು ಕಾವ್ಯಕ್ಕೆ ಇಂಥ ಪ್ರಶ್ನೆ ಹಾಕುವ ನಾವು ಈ ಕಾಗದಕ್ಕೂ ಹಾಕಲೇಬೇಕು. ಯಾಕೆಂದರೆ ಕೆಟ್ಟ ಕಾವ್ಯದಿಂದ ಯಾರ ಕೂಲಿಯೂ ಕಡಿಮೆಯಾಗುವುದಿಲ್ಲ.

ಮೊದಲು ಕೆಲಸ ಕಲಿಯುವುದು ಹೇಗೆ ಅನ್ನುವುದನ್ನು ನೋಡೋಣ. ನಾನು ಹತ್ತಿರದಿಂದ ಕಂಡಿರುವುದು ಗಾರೆ ಕೆಲಸ. ನಮ್ಮಪ್ಪ ಗಾರೆಯವನು. ಈ ಕಸುಬಿಗೆ ಬರುವ ಹುಡುಗ ಮೊದಲು ಚಿತ್ತಾಳು. ಮರಳು ಜರಡಿ ಹಿಡಿಯಬೇಕು, ಇಟ್ಟಿಗೆ ಹೊರಬೇಕು, ಕಲಸು ಕಲಸಿ ಬಾಂಡ್ಲಿಯಲ್ಲಿ ಮೇಲಕ್ಕೆ ಎತ್ತಿ ಕೊಡಬೇಕು. ಇಟ್ಟಿಗೆಯನ್ನು ಮೊದಲೇ ನೀರಲ್ಲಿ ನೆನೆಸದಿದ್ದರೆ ಅದು ಕಲಸಿನ ನೀರನ್ನೆಲ್ಲ ಕುಡಿದುಬಿಡುತ್ತದೆ, ಗೋಡೆ ಬಿಗಿ ಹಿಡಿಯುವುದಿಲ್ಲ. ಇದನ್ನು ಯಾರೂ ಪಾಠ ಮಾಡಿ ಹೇಳುವುದಿಲ್ಲ. ಒಂದು ದಿನ ನೆನೆಸುವುದನ್ನು ಮರೆತು ಬೈಸಿಕೊಂಡಾಗ ಗೊತ್ತಾಗುತ್ತದೆ. ಮೇಸ್ತ್ರಿ ಊಟಕ್ಕೆ ಕೂತಾಗ ಹುಡುಗ ಕರಣೆ ಹಿಡಿದು ನೋಡುತ್ತಾನೆ. ಯಾರ ಕಣ್ಣಿಗೂ ಬೀಳದ ಹಿತ್ತಲ ಗೋಡೆ ಅವನ ಮೊದಲ ಪರೀಕ್ಷೆ. ಅದು ಸೈ ಅನ್ನಿಸಿದರೆ ಮೂಲೆ ಎತ್ತಲು ಬಿಡುತ್ತಾರೆ. ಮೂಲೆ ಎತ್ತುವವನು ಗುಂಡು ಬಿಟ್ಟು ನೋಡಬೇಕು, ದಾರ ಕಟ್ಟಬೇಕು, ರಸಮಟ್ಟ ಇಡಬೇಕು. ಆಮೇಲೆ ಗಿಲಾವು, ಆಮೇಲೆ ಮೆಟ್ಟಿಲು. ಇಷ್ಟಕ್ಕೆ ನಾಲ್ಕೈದು ವರ್ಷ ಬೇಕು. ನಮ್ಮಪ್ಪನಿಗೆ ಹತ್ತು ವರ್ಷ ಹಿಡಿಯಿತಂತೆ. ಯಾಕೆಂದರೆ ಅವನಿಗೆ ಬಹಳ ದಿನ ಯಾರೂ ಮೂಲೆ ಬಿಟ್ಟುಕೊಡಲಿಲ್ಲ.

ಈ ಕಲಿಕೆಯನ್ನು ಹಾಡಿ ಹೊಗಳುವುದಕ್ಕೆ ನಾನು ತಯಾರಿಲ್ಲ. ಕಲಿಯೋ ಹುಡುಗನಿಗೆ ಅರ್ಧ ಕೂಲಿ, ಕೆಲವು ಕಡೆ ಬರೀ ಊಟ. ಏಟು ಬಿದ್ದರೆ ಅದೂ ಕಲಿಕೆಯ ಲೆಕ್ಕಕ್ಕೇ ಸೇರುತ್ತದೆ. ಯಾವ ಮೇಸ್ತ್ರಿ ಯಾವ ಕೇರಿಯ ಹುಡುಗನನ್ನು ಗುಂಪಿಗೆ ಸೇರಿಸಿಕೊಳ್ಳುತ್ತಾನೆ ಅನ್ನುವುದರಲ್ಲಿ ಜಾತಿ ಇದೆ. ಎಲ್ಲಕ್ಕಿಂತ ದೊಡ್ಡ ಅನ್ಯಾಯ ಹೆಣ್ಣಾಳುಗಳದು. ನಮ್ಮವ್ವ ಇಪ್ಪತ್ತು ವರ್ಷ ಬಾಂಡ್ಲಿ ಹೊತ್ತಿದ್ದಾಳೆ. ಕಲಸು ಕಲಸುವವಳು ಅವಳೇ. ಒಂದಕ್ಕೆ ಆರು ಹಾಕಿದ ಕಲಸು ಯಾವುದು, ಒಂದಕ್ಕೆ ಎಂಟು ಹಾಕಿ ಕಂಟ್ರಾಕ್ಟರು ಕದ್ದ ಕಲಸು ಯಾವುದು ಅಂತ ಬೆರಳಲ್ಲಿ ಮುಟ್ಟಿ ಹೇಳುತ್ತಾಳೆ. 'ನೀರಾಗದೆ ಕಣ, ಕರಣೆ ಮೇಲೆ ನಿಲ್ಲಾಕಿಲ್ಲ' ಅಂತ ಮೇಸ್ತ್ರಿಗೇ ಹೇಳಿದ್ದನ್ನು ನಾನು ಕೇಳಿದ್ದೇನೆ. ಆದರೂ ಅವಳು ಚಿತ್ತಾಳು. ಅವಳ ಜೊತೆ ಬಾಂಡ್ಲಿ ಹೊರಲು ಬಂದ ಹುಡುಗರೆಲ್ಲ ಮೇಸ್ತ್ರಿಗಳಾದರು. ಅವಳ ಕೈಗೆ ಕರಣೆ ಕೊಡಬೇಕೆಂದು ಒಬ್ಬನಿಗೂ ತೋಚಲಿಲ್ಲ. ಕಸುಬಿನ ಪಾರಂಪರಿಕ ಕಲಿಕೆ ಅಂತ ಭಾಷಣದಲ್ಲಿ ಕಣ್ಣರಳಿಸಿ ಹೇಳುವವರು ಈ ಬಾಂಡ್ಲಿಯ ಕಡೆ ಒಂದು ಸಲ ನೋಡಬೇಕು.

ಇಂಥ ಕೈಗಳಿಗೆ ಕಾಗದ ಕೊಡುತ್ತೇವೆ ಎಂದು ಸರ್ಕಾರ ಮುಂದೆ ಬಂದದ್ದು ತಪ್ಪಲ್ಲ. 2015ರಲ್ಲಿ ಶುರುವಾದ ಪ್ರಧಾನಮಂತ್ರಿ ಕೌಶಲ ವಿಕಾಸ ಯೋಜನೆಯಲ್ಲಿ 'ಹಿಂದಿನ ಕಲಿಕೆಗೆ ಮಾನ್ಯತೆ' ಎಂಬ ಭಾಗವಿತ್ತು. ಶಾಲೆಯಲ್ಲಿ ಕಲಿಯದೆ ಕೆಲಸದಲ್ಲೇ ಕಲಿತವರನ್ನು ಪರೀಕ್ಷಿಸಿ ಸರ್ಟಿಫಿಕೇಟು ಕೊಡುವುದು ಅದರ ಉದ್ದೇಶ. ಉದ್ದೇಶ ಒಳ್ಳೆಯದೇ. ಅಂಥದೊಂದು ಶಿಬಿರ ನಮ್ಮ ತಾಲ್ಲೂಕು ಕೇಂದ್ರದಲ್ಲೂ ನಡೆಯಿತು. ಅಪ್ಪನೂ ಹೋದ, ಹಿಂದೆ ನಾನೂ ಹೋದೆ. ಪರೀಕ್ಷೆ ಮಾಡಲು ಬಂದವನು ನನ್ನ ವಯಸ್ಸಿನ ಹುಡುಗ. ಅವನ ಕೈಯಲ್ಲಿ ಕರಣೆ ಹಿಡಿದ ಗುರುತಿರಲಿಲ್ಲ, ಒಂದು ಟ್ಯಾಬ್ಲೆಟ್ ಇತ್ತು. ಅದರಲ್ಲಿ ಕನ್ನಡದ ಪ್ರಶ್ನೆಗಳು. 'ಲಂಬಸೂಚಕದ ಉಪಯೋಗವೇನು?' ಅಂತ ಓದಿದ. ಸಾಲಾಗಿ ಕೂತಿದ್ದ ಮೇಸ್ತ್ರಿಗಳು ಮುಖ ಮುಖ ನೋಡಿಕೊಂಡರು. ಅಪ್ಪ 'ಅದೇನ್ ಸಾ ಅದು?' ಅಂದ. ಹುಡುಗ ಚಿತ್ರ ತೋರಿಸಿದ. ಮೂವತ್ತು ವರ್ಷದಿಂದ ಅಪ್ಪನ ಚೀಲದಲ್ಲಿರುವ ತೂಕದ ಗುಂಡು ಅದು! 'ಗುಂಡು ಅನ್ನಕ್ಕೆ ಏನಾಗಿತ್ತು ಇವ್ರಿಗೆ?' ಅಂತ ಅಪ್ಪ ಪಕ್ಕದವನಿಗೆ ಪಿಸುಗುಟ್ಟಿದ. ಎಲ್ಲರಿಗೂ ಒಂದೊಂದು ಟೋಪಿ ಕೊಟ್ಟು ಫೋಟೋ ತೆಗೆದರು. ಕೆಲವು ತಿಂಗಳಾದ ಮೇಲೆ ಸರ್ಟಿಫಿಕೇಟು ಬಂತು. ಮಾರನೆಯ ದಿನ ಅಪ್ಪ ಹಿಂದಿನ ದಿನದ ಕೂಲಿಗೇ ಕೆಲಸಕ್ಕೆ ಹೋದ. ಆ ಕಾಗದವನ್ನು ತೋರಿಸು ಎಂದು ಇವತ್ತಿನವರೆಗೂ ಯಾವ ಕಂಟ್ರಾಕ್ಟರನೂ ಕೇಳಿಲ್ಲ.

ಇದು ತಮಾಷೆಯ ಪ್ರಸಂಗವಾಗಿ ಕಾಣಬಹುದು. ಆದರೆ ಅಲ್ಲಿ ಏನು ನಡೆಯಿತು ಅನ್ನುವುದನ್ನು ಸರಿಯಾಗಿ ನೋಡಬೇಕು. ಗೋಡೆ ಕಟ್ಟಲು ಬರುತ್ತದೆಯೇ ಅಂತ ಅಪ್ಪನನ್ನು ಯಾರೂ ಕೇಳಲಿಲ್ಲ. ತನ್ನ ಕೈಯಲ್ಲಿರುವ ಗುಂಡನ್ನು ಅವನು ಸಂಸ್ಕೃತದಲ್ಲಿ ಗುರುತಿಸಬಲ್ಲನೇ ಅಂತ ಕೇಳಿದರು. ಕಸುಬು ಇರುವುದು ಹಟ್ಟಿಯಲ್ಲಿ, ಕಸುಬಿನ ಹೆಸರಿಡುವ ಅಧಿಕಾರ ಇರುವುದು ಬೇರೆ ಕಡೆ. ವೇದ ಕೇಳಿದ ಕಿವಿಗೆ ಕಾದ ಸೀಸ ಹೊಯ್ಯುವ ಕಾಲ ಹೋಯಿತು, ನಿಜ. ಈಗ ನಮ್ಮ ಕೆಲಸವನ್ನೇ ನಮಗೆ ಅರ್ಥವಾಗದ ಮಾತಿನಲ್ಲಿ ನಮಗೆ ಓದಿ ಹೇಳುತ್ತಾರೆ.

ಈ ಕಾಗದಕ್ಕೂ ಒಂದು ವಂಶಾವಳಿ ಇದೆ. ಬ್ರಿಟಿಷರ ಕಾಲದಲ್ಲಿ, 1850ರಲ್ಲಿ, ಈ ದೇಶದ ಮೊದಲ ಅಪ್ರೆಂಟಿಸ್ ಕಾಯ್ದೆ ಬಂತು. ಅನಾಥರು, ಧರ್ಮದ ಅನ್ನ ಉಂಡು ಬೆಳೆದ ಬಡಮಕ್ಕಳು ಕಸುಬು ಕಲಿಯಲಿ ಎಂಬುದು ಅದರ ಹೇಳಿಕೆ. ಹತ್ತು ವರ್ಷ ದಾಟಿದ ಮಗುವನ್ನು ತಂದೆಯೋ ಪೋಷಕನೋ ಏಳು ವರ್ಷದವರೆಗೆ ಒಬ್ಬ ಯಜಮಾನನಿಗೆ ಕರಾರು ಬರೆದು ಒಪ್ಪಿಸಬಹುದಿತ್ತು. ಜೀತದ ಪತ್ರ ಕಂಡಿರುವ ನಮ್ಮ ಜನಕ್ಕೆ ಈ ಕರಾರಿನ ಚಹರೆ ಹೊಸದೇನಲ್ಲ.

ಸ್ವಾತಂತ್ರ್ಯ ಬಂದ ಮೇಲೆ 1950ರಲ್ಲಿ ಕುಶಲಕರ್ಮಿಗಳ ತರಬೇತಿ ಯೋಜನೆ ಬಂತು. ನಮ್ಮ ಐ.ಟಿ.ಐ.ಗಳು ಅದರ ಮಕ್ಕಳು. 1956ರಲ್ಲಿ ರಾಷ್ಟ್ರೀಯ ಮಟ್ಟದ ಒಂದು ಮಂಡಳಿ ರಚನೆಯಾಗಿ ಫಿಟ್ಟರ್, ಟರ್ನರ್, ಎಲೆಕ್ಟ್ರಿಶಿಯನ್, ವೆಲ್ಡರ್‌ಗಳಿಗೆ ದೇಶಕ್ಕೆಲ್ಲ ಒಂದೇ ಸರ್ಟಿಫಿಕೇಟು ಆಯಿತು. 1961ರಲ್ಲಿ ಹೊಸ ಅಪ್ರೆಂಟಿಸ್ ಕಾಯ್ದೆ ಬಂತು. ಸರ್ಕಾರಿ ಕನ್ನಡದಲ್ಲಿ ಅಪ್ರೆಂಟಿಸ್‌ಗೆ 'ಶಿಶಿಕ್ಷು' ಅನ್ನುತ್ತಾರೆ. ಈ ಶಬ್ದವನ್ನು ಒಂದೇ ಉಸಿರಿಗೆ ಹೇಳಬಲ್ಲ ಅಪ್ರೆಂಟಿಸ್ ಹುಡುಗನನ್ನು ನಾನು ಕಂಡಿಲ್ಲ. ಶಬ್ದ ಹೋಗಲಿ, ಕಾಯ್ದೆಯ 18ನೇ ಕಲಮನ್ನು ನೋಡಿ. ಅಪ್ರೆಂಟಿಸ್ ಎಂದರೆ ಕಲಿಯುವವನು, ಕಾರ್ಮಿಕನಲ್ಲ, ಆದ್ದರಿಂದ ಕಾರ್ಮಿಕ ಕಾನೂನುಗಳು ಅವನಿಗೆ ಲಾಗೂ ಆಗುವುದಿಲ್ಲ ಎಂಬುದು ಅದರ ಸಾರ. 22ನೇ ಕಲಮಿನ ಮೂಲರೂಪದಲ್ಲಿ, ತರಬೇತಿ ಮುಗಿಸಿದವನಿಗೆ ಕೆಲಸ ಕೊಡಲೇಬೇಕೆಂಬ ಕಟ್ಟುಪಾಡು ಮಾಲೀಕನಿಗೆ ಇರಲಿಲ್ಲ. 2014ರ ತಿದ್ದುಪಡಿ ಬಂದ ಮೇಲೆ, ತನ್ನಲ್ಲಿ ಕಲಿತವರನ್ನು ನೇಮಿಸಿಕೊಳ್ಳುವ ನೀತಿಯನ್ನು ಮಾಲೀಕನೇ ರೂಪಿಸಿಕೊಳ್ಳಬೇಕು. ನೀತಿಯೂ ಅವನದೇ, ನ್ಯಾಯವೂ ಅವನದೇ. ಹುಡುಗ ದಿನವಿಡೀ ಮೆಷಿನ್ ಮುಂದೆ ನಿಂತು ಮಾಲು ತೆಗೆಯುತ್ತಾನೆ. ಆ ಮಾಲು ಮಾರಾಟವಾಗುತ್ತದೆ. ಆದರೂ ಅವನು ಕಾರ್ಮಿಕನಲ್ಲ!

1973ರಲ್ಲಿ ಈ ಕಾಯ್ದೆಗೆ 3ಎ ಎಂಬ ಕಲಮು ಸೇರಿತು. ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡದವರಿಗೆ ತರಬೇತಿಯ ಜಾಗಗಳಲ್ಲಿ ಮೀಸಲಾತಿ ಕೊಟ್ಟ ಕಲಮು ಅದು. ಇದು ದೊಡ್ಡ ಮಾತು, ಇದನ್ನು ನಾವು ಬಿಟ್ಟುಕೊಡಬಾರದು. ಆದರೆ ಈ ಬಾಗಿಲು ಯಾವ ಮನೆಗೆ ಇದೆ? 2019ರ ನಿಯಮದ ಪ್ರಕಾರ ಅಪ್ರೆಂಟಿಸ್‌ಗಳನ್ನು ತೆಗೆದುಕೊಳ್ಳುವುದು ಕಡ್ಡಾಯವಾದದ್ದು 30 ಅಥವಾ ಅದಕ್ಕಿಂತ ಹೆಚ್ಚು ಜನ ದುಡಿಯುವ ಸಂಸ್ಥೆಗಳಿಗೆ. ಐದು ಜನರ ಗುಂಪು ಕಟ್ಟಿಕೊಂಡು ಊರೂರು ಅಲೆಯುವ ಗಾರೆ ಮೇಸ್ತ್ರಿ, ರಸ್ತೆ ಬದಿಯಲ್ಲಿ ಛತ್ರಿ ನೆಟ್ಟುಕೊಂಡು ಕೂತ ಚಪ್ಪಲಿಯವನು, ಸೈಕಲ್ ಶಾಪಿನವನು ಈ ಲೆಕ್ಕಕ್ಕೆ ಬರುವುದಿಲ್ಲ. ನಮ್ಮ ಮಕ್ಕಳು ಕಸುಬು ಕಲಿಯುವುದು ಅವರ ಹತ್ತಿರವೇ.

ಇನ್ನೊಂದು ಲೆಕ್ಕವನ್ನೂ ನೋಡಿ. ಅದೇ 2019ರಲ್ಲಿ ಅಪ್ರೆಂಟಿಸ್‌ಗಳ ಕನಿಷ್ಠ ಭತ್ಯೆಗೆ ಒಂದು ಏಣಿ ಹಾಕಿದರು. ಐದರಿಂದ ಒಂಬತ್ತನೇ ತರಗತಿಯವರೆಗೆ ಓದಿದವನಿಗೆ ತಿಂಗಳಿಗೆ 5,000 ರೂಪಾಯಿ, ಹತ್ತನೇ ತರಗತಿಯವನಿಗೆ 6,000, ಹಾಗೇ ಏರುತ್ತಾ ಪದವೀಧರನಿಗೆ 9,000. ಕೈಗೆಲಸ ಕಲಿಯಲು ಬಂದವನ ಬೆಲೆ ಕಟ್ಟುವಾಗ ಕೈಯನ್ನು ಯಾರೂ ನೋಡಲಿಲ್ಲ, ಶಾಲೆಯ ಕಾಗದವನ್ನು ನೋಡಿದರು. ಹನ್ನೆರಡನೇ ವಯಸ್ಸಿಗೆ ಶಾಲೆ ಬಿಟ್ಟು ಆರು ವರ್ಷ ವೆಲ್ಡಿಂಗ್ ಶಾಪಿನಲ್ಲಿ ಕಣ್ಣು ಸುಟ್ಟುಕೊಂಡವನು ಏಣಿಯ ಕೆಳಗಿನ ಮೆಟ್ಟಿಲಲ್ಲಿ. ವೆಲ್ಡಿಂಗ್ ಗನ್ನನ್ನು ಇವತ್ತೇ ಮೊದಲ ಸಲ ಕಂಡವನು ಡಿಗ್ರಿ ಇದ್ದರೆ ಮೇಲಿನ ಮೆಟ್ಟಿಲಲ್ಲಿ. ಬುದ್ಧಿ ತಲೆಯಲ್ಲಿರುತ್ತದೆ, ಕೈ ಬರೀ ಆಳು ಎಂಬ ಹಳೆಯ ನಂಬಿಕೆ ಸರ್ಕಾರಿ ಕೋಷ್ಟಕದ ಒಳಗೂ ಬಂದು ಕೂತಿದೆ. ತಲೆಯಿಂದ ಹುಟ್ಟಿದವರು ಯಾರು, ಕಾಲಿನಿಂದ ಹುಟ್ಟಿದವರು ಯಾರು ಎಂದು ಹೇಳಿಕೊಟ್ಟವರ ಶಿಷ್ಯರಲ್ಲವೆ ನಮ್ಮ ಅಧಿಕಾರಿಗಳು!

ಯಂತ್ರ ಬಂದರೆ ಜಾತಿ ಹೋಗುತ್ತದೆ ಎನ್ನುವವರು ಬೊಂಬಾಯಿಯ ಬಟ್ಟೆ ಗಿರಣಿಗಳ ಕತೆ ಕೇಳಬೇಕು. ಗಿರಣಿಯಲ್ಲಿ ನೇಯ್ಗೆ ವಿಭಾಗದ ಕೂಲಿ ಹೆಚ್ಚು. ಆ ಕೆಲಸದಲ್ಲಿ ದಾರ ಮುಗಿದಾಗಲೆಲ್ಲ ಲಾಳಿಯ ತೂತಿನಿಂದ ಹೊಸ ಎಳೆಯನ್ನು ಬಾಯಲ್ಲಿ ಹೀರಿ ಎಳೆಯಬೇಕಿತ್ತು. ಅಸ್ಪೃಶ್ಯನ ಬಾಯಿ ತಗುಲಿದ ಲಾಳಿಗೆ ತಮ್ಮ ಬಾಯಿ ಹೇಗೆ ಹಚ್ಚುವುದು ಅಂತ ಸವರ್ಣೀಯ ಕಾರ್ಮಿಕರು ನಮ್ಮವರನ್ನು ಆ ವಿಭಾಗದೊಳಗೆ ಸೇರಿಸಲೇ ಇಲ್ಲ. ನಮ್ಮವರು ಕಡಿಮೆ ಕೂಲಿಯ ನೂಲಿನ ವಿಭಾಗದಲ್ಲೇ ಉಳಿದರು. 1928ರ ದೊಡ್ಡ ಮುಷ್ಕರದ ಹೊತ್ತಿಗೆ ಅಂಬೇಡ್ಕರ್ ಈ ಪ್ರಶ್ನೆಯನ್ನು ಕಾರ್ಮಿಕ ನಾಯಕರ ಮುಂದಿಟ್ಟರು. ಕೆಂಪು ಬಾವುಟದ ಕೆಳಗೆ ನಿಂತವರಿಗೂ ಇದು ಮೊದಲು ಸಣ್ಣ ವಿಷಯವಾಗಿಯೇ ಕಂಡಿತ್ತು. ನೇಯುವುದು ನಮ್ಮವರಿಗೆ ಬರುವುದಿಲ್ಲ ಅಂತ ಆಗ ಯಾರಾದರೂ ಅಂದಿದ್ದರೆ ಅದು ನಿಜವೇ ಆಗಿರುತ್ತಿತ್ತು. ಕಲಿಯಲು ಬಿಡದೆ ಕೆಲಸ ಬರುವುದು ಹೇಗೆ? 1942ರಲ್ಲಿ ವೈಸರಾಯ್ ಕೌನ್ಸಿಲಿಗೆ ಹೋದ ಮೇಲೆ ಅವರು ಪರಿಶಿಷ್ಟರ ಕುಂದುಕೊರತೆಗಳ ಬಗ್ಗೆ ಸರ್ಕಾರಕ್ಕೆ ಮನವಿ ಸಲ್ಲಿಸಿದರು. ಅದರಲ್ಲಿ ಓದಿನ ಜೊತೆಗೆ ತಾಂತ್ರಿಕ ತರಬೇತಿಯನ್ನೂ ಕೇಳಿದರು. ಸರ್ಕಾರಿ ಮುದ್ರಣಾಲಯ, ರೈಲ್ವೆ ವರ್ಕ್‌ಶಾಪುಗಳಲ್ಲಿ ನಮ್ಮ ಹುಡುಗರನ್ನು ಅಪ್ರೆಂಟಿಸ್‌ಗಳಾಗಿ ತೆಗೆದುಕೊಳ್ಳಬೇಕು ಎಂದರು. ಚಮ್ಮಾರನ ಮಗನಿಗೆ ಒಳ್ಳೆಯ ಉಳಿ ಕೊಡಿ ಅಂತ ಅವರು ಕೇಳಲಿಲ್ಲ. ಅವನನ್ನು ರೈಲು ಎಂಜಿನ್ನಿನ ಹತ್ತಿರಕ್ಕೆ ಬಿಡಿ ಅಂತ ಕೇಳಿದರು. ಈ ವ್ಯತ್ಯಾಸದ ಮೇಲೆಯೇ ನನ್ನ ಮುಂದಿನ ಮಾತು ನಿಂತಿದೆ.

2023ರ ಸೆಪ್ಟೆಂಬರ್ 17ರಂದು, ವಿಶ್ವಕರ್ಮ ಜಯಂತಿಯ ದಿನ, ಕೇಂದ್ರ ಸರ್ಕಾರ 'ಪಿ.ಎಂ. ವಿಶ್ವಕರ್ಮ' ಎಂಬ ಯೋಜನೆ ಶುರುಮಾಡಿತು. ಐದು ವರ್ಷಕ್ಕೆ 13,000 ಕೋಟಿ ರೂಪಾಯಿ. ಹದಿನೆಂಟು ಕಸುಬುಗಳು. ಬಡಗಿ, ಕಮ್ಮಾರ, ಕುಂಬಾರ, ಅಕ್ಕಸಾಲಿ, ಚಮ್ಮಾರ, ಕ್ಷೌರಿಕ, ಮಡಿವಾಳ, ದರ್ಜಿ, ಗಾರೆಯವನು, ಬುಟ್ಟಿ ಹೆಣೆಯುವವನು ಎಲ್ಲರೂ ಪಟ್ಟಿಯಲ್ಲಿದ್ದಾರೆ. ಸರ್ಟಿಫಿಕೇಟು, ಗುರುತಿನ ಚೀಟಿ, ಐದರಿಂದ ಏಳು ದಿನದ ತರಬೇತಿ, ತರಬೇತಿಯಲ್ಲಿ ದಿನಕ್ಕೆ 500 ರೂಪಾಯಿ, ಉಪಕರಣ ಕೊಳ್ಳಲು 15,000 ರೂಪಾಯಿ, ಶೇಕಡಾ 5ರ ಬಡ್ಡಿಗೆ ಮೊದಲು ಒಂದು ಲಕ್ಷ, ಆಮೇಲೆ ಎರಡು ಲಕ್ಷ ಸಾಲ. ಇದರಲ್ಲಿ ಬಡವನಿಗೆ ಬೇಡವಾದದ್ದು ಯಾವುದೂ ಇಲ್ಲ. ಸಾಲ ಸಿಕ್ಕರೆ ನಮ್ಮ ಜನ ತೆಗೆದುಕೊಳ್ಳಲಿ, ಅದು ಅವರದೇ ದುಡ್ಡು.

ಆದರೆ ಒಳಗಿನ ಮಾತುಗಳನ್ನು ಓದಿ. ಕುಟುಂಬದಿಂದ ಬಂದ ಪಾರಂಪರಿಕ ಕಸುಬು ಮಾಡುವವರು ಎಂಬುದು ಅರ್ಹತೆ. ಗುರು-ಶಿಷ್ಯ ಪರಂಪರೆಯನ್ನು ಬಲಪಡಿಸುವುದು ಗುರಿ. ಅರ್ಜಿಯ ಮೊದಲ ಹಂತದ ಪರಿಶೀಲನೆ ಗ್ರಾಮ ಪಂಚಾಯಿತಿಯಲ್ಲಿ. ಒಂದು ಕುಟುಂಬಕ್ಕೆ ಒಬ್ಬರಿಗೆ ಮಾತ್ರ ನೋಂದಣಿ. ಈ ನಾಲ್ಕನ್ನು ಒಟ್ಟಿಗೆ ಇಟ್ಟು ನೋಡಿದರೆ ಏನು ಕಾಣುತ್ತದೆ? ಅಪ್ಪನ ಕಸುಬು ಮಗನ ಅರ್ಹತೆಯಾಗುತ್ತದೆ. ಊರಿನಲ್ಲಿ ಯಾರು ಏನು ಕೆಲಸದವರು ಅನ್ನುವುದಕ್ಕೆ ಪಂಚಾಯಿತಿ ಸಾಕ್ಷಿಯಾಗುತ್ತದೆ. ಈ ಸಾಕ್ಷಿ ಹೇಳಲು ಹಳ್ಳಿಯಲ್ಲಿ ಯಾರಿಗೂ ತರಬೇತಿ ಬೇಕಾಗಿಲ್ಲ, ಜಾತಿ ಗೊತ್ತಿದ್ದರೆ ಸಾಕು. ಗಂಡನ ಹೆಸರಿಗೆ ಚೀಟಿ ಬಂದರೆ ಅವನ ಪಕ್ಕದಲ್ಲೇ ಕೂತು ಹೆಣೆಯುವ ಹೆಂಡತಿ ಕಸುಬುದಾರಳೆಂದು ಎಲ್ಲೂ ದಾಖಲಾಗುವುದಿಲ್ಲ. ಪಟ್ಟಿಯಲ್ಲಿ ಚಪ್ಪಲಿ ಹೊಲಿಯುವವನ ಹೆಸರಿದೆ, ಚರ್ಮ ಹದ ಮಾಡುವವನ ಹೆಸರಿಲ್ಲ. ತಮಟೆ ಕಟ್ಟುವವನ ಹೆಸರೂ ಇಲ್ಲ. ಹೊಲಿದ ಚಪ್ಪಲಿ ಬೇಕು, ಅದರ ಹಿಂದಿನ ವಾಸನೆ ಬೇಡ.

ಗುರು-ಶಿಷ್ಯ ಪರಂಪರೆ ಅಂದಾಗ ನಮಗೆ ನೆನಪಾಗುವವನು ಏಕಲವ್ಯನೇ. ಶಾಲೆಯಲ್ಲಿ ಅದನ್ನು ಗುರುಭಕ್ತಿಯ ಪಾಠವಾಗಿ ಓದಿಸಿದರು. ಕಸುಬಿನ ಕಣ್ಣಿಂದ ಓದಿದರೆ ಅದು ಸರ್ಟಿಫಿಕೇಟಿನ ಕತೆ. ಹುಡುಗ ಕಾಡಿನಲ್ಲಿ ತಾನೇ ಕಲಿತ. ಅವನ ಕೈ ಎಷ್ಟು ಬಲ್ಲದು ಅನ್ನುವುದು ದ್ರೋಣನಿಗೆ ಒಂದೇ ನೋಟಕ್ಕೆ ತಿಳಿಯಿತು. ಅಂದರೆ ಪರೀಕ್ಷೆಯಲ್ಲಿ ಏಕಲವ್ಯ ಪಾಸಾದ. ಪಾಸಾದದ್ದಕ್ಕೇ ಹೆಬ್ಬೆರಳು ಹೋಯಿತು. ಕಲಿಸದ ಗುರುವಿಗೂ ಸಂಭಾವನೆ ಕೇಳುವ ಹಕ್ಕನ್ನು ಕೊಟ್ಟ ಪರಂಪರೆಯನ್ನು ಯಾವ ಮುಖ ಇಟ್ಟುಕೊಂಡು ಬಲಪಡಿಸುವುದು?

ಇದು ಹೊಸ ಆಲೋಚನೆಯೂ ಅಲ್ಲ. 1953ರಲ್ಲಿ ಮದ್ರಾಸ್ ರಾಜ್ಯದ ಮುಖ್ಯಮಂತ್ರಿ ರಾಜಾಜಿಯವರು ಹಳ್ಳಿ ಶಾಲೆಗಳಿಗೆ ಒಂದು ಯೋಜನೆ ತಂದರು. ಮಕ್ಕಳು ದಿನಕ್ಕೆ ಮೂರು ಗಂಟೆ ಶಾಲೆಗೆ ಬರಬೇಕು, ಉಳಿದ ಹೊತ್ತು ಮನೆಯ ಕಸುಬು ಕಲಿಯಬೇಕು. ಆಗ ದಕ್ಷಿಣ ಕನ್ನಡ, ಕೊಳ್ಳೇಗಾಲಗಳೂ ಮದ್ರಾಸ್ ರಾಜ್ಯದಲ್ಲೇ ಇದ್ದವು. ಆದ್ದರಿಂದ ಇದು ನಮ್ಮ ಕನ್ನಡದ ಮಕ್ಕಳ ಕತೆಯೂ ಹೌದು. ಪೆರಿಯಾರ್ ಮತ್ತು ಅವರ ಜೊತೆಗಾರರು ಇದನ್ನು ಕುಲಕಸುಬಿನ ಶಿಕ್ಷಣ ಎಂದು ಕರೆದು ಬೀದಿಗಿಳಿದರು. 1954ರಲ್ಲಿ ರಾಜಾಜಿ ಅಧಿಕಾರ ಬಿಟ್ಟರು, ಕಾಮರಾಜ್ ಬಂದರು, ಯೋಜನೆ ರದ್ದಾಯಿತು. ಆ ನೆನಪು ಸತ್ತಿರಲಿಲ್ಲ. 2024ರಲ್ಲಿ ತಮಿಳುನಾಡು ಸರ್ಕಾರ ವಿಶ್ವಕರ್ಮ ಯೋಜನೆಯನ್ನು ಇದ್ದ ರೂಪದಲ್ಲಿ ಒಪ್ಪಲಿಲ್ಲ. 2025ರಲ್ಲಿ ಕುಟುಂಬದ ಕಸುಬಾಗಿರಬೇಕೆಂಬ ಷರತ್ತಿಲ್ಲದೆ 25 ಕಸುಬುಗಳಿಗೆ ತನ್ನದೇ ಯೋಜನೆ ತಂದಿತು. ಕಸುಬಿಗೆ ಸಹಾಯ ಮಾಡುತ್ತಲೇ ಜಾತಿಯ ಗಂಟು ಬಿಚ್ಚಬಹುದು ಎಂಬುದಕ್ಕೆ ಪಕ್ಕದ ಮನೆಯಲ್ಲೇ ಒಂದು ದಾರಿ ಇದೆ.

ಇನ್ನು ನಮ್ಮ ಸಾಹಿತ್ಯದ ಮಾತು. ಹರಳಯ್ಯನ ಕತೆ ಎಲ್ಲರಿಗೂ ಗೊತ್ತು. ಹರಳಯ್ಯ ಮತ್ತು ಅವನ ಹೆಂಡತಿ ತಮ್ಮ ತೊಡೆಯ ಚರ್ಮ ತೆಗೆದು ಬಸವಣ್ಣನಿಗೆ ಮೆಟ್ಟು ಹೊಲಿದರು ಎಂಬ ಕತೆ. ಎಂಟು ನೂರು ವರ್ಷದಿಂದ ಅದರ ಭಕ್ತಿಗೆ ಕಣ್ಣೀರು ಹಾಕುತ್ತಾ ಬಂದಿದ್ದೇವೆ. ಆ ಕತೆಯಲ್ಲಿ ಇನ್ನೊಂದು ಸಂಗತಿ ಇದೆ, ಅದನ್ನು ಯಾರೂ ಮುಟ್ಟುವುದಿಲ್ಲ. ಅವರು ಕಸುಬುದಾರರು. ಹಸಿಚರ್ಮವನ್ನು ಸುಣ್ಣದ ನೀರಿನಲ್ಲಿ ಎಷ್ಟು ದಿನ ಬಿಡಬೇಕು, ತಂಗಡಿ ಚಕ್ಕೆಯ ರಸಕ್ಕೆ ಯಾವಾಗ ಹಾಕಬೇಕು, ಅಟ್ಟೆಯ ಮೇಲೆ ಉಳಿ ಎಷ್ಟು ಆಳ ಇಳಿಯಬೇಕು, ಉಂಗುಟ ಎಲ್ಲಿ ಕೂತರೆ ಬೆರಳು ಕಡಿಯುವುದಿಲ್ಲ ಅನ್ನುವುದು ಗೊತ್ತಿಲ್ಲದವನು ತನ್ನ ಚರ್ಮವನ್ನೇ ಸುಲಿದು ಕೊಟ್ಟರೂ ಮೆಟ್ಟು ಆಗುವುದಿಲ್ಲ. ಕತೆ ಕಟ್ಟಿದವರಿಗೆ ಅವನ ನೋವು ಬೇಕಾಯಿತು, ಅವನ ವಿದ್ಯೆ ಬೇಕಾಗಲಿಲ್ಲ. ಕಾಯಕವನ್ನು ಕೈಲಾಸಕ್ಕೇರಿಸಿದ ಆ ಚಳುವಳಿ ಹರಳಯ್ಯನ ಮಗನಿಗೂ ಮಧುವರಸನ ಮಗಳಿಗೂ ಮದುವೆ ಮಾಡಿಸುವಷ್ಟು ದೂರ ಹೋಯಿತು, ಅದಕ್ಕೆ ರಕ್ತದ ಬೆಲೆ ತೆತ್ತಿತು. ಮುಂದೆ ಬಂದ ನಾವು ಮದುವೆಯನ್ನು ಮರೆತು ಕಾಯಕವನ್ನು ಮಾತ್ರ ಇಟ್ಟುಕೊಂಡೆವು. ಕಾಯಕ ಬದಲಾಯಿಸುವ ಹಕ್ಕಿನ ಬಗ್ಗೆ ಮಠಗಳಲ್ಲಿ ಯಾವ ಪ್ರವಚನವೂ ನಡೆಯುವುದಿಲ್ಲ.

1973ರಲ್ಲಿ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬೂಸಾ ಇದೆ ಎಂದು ಹೇಳಿ ಮಂತ್ರಿ ಪದವಿ ಕಳೆದುಕೊಂಡರು. ಆ ಗಲಾಟೆಯಿಂದ ಎದ್ದ ಪೀಳಿಗೆ ನಮಗೆ ಕವಿತೆ ಕಲಿಸಿತು. ಸಿದ್ದಲಿಂಗಯ್ಯನವರ 'ನನ್ನ ಜನಗಳು' ನಮ್ಮವರು ಮಾಡುವ ಕೆಲಸಗಳನ್ನು ಒಂದೊಂದಾಗಿ ಎಣಿಸಿ ಲೆಕ್ಕ ಕೇಳಿತು. ಆ ಎಣಿಕೆ ಬೇಕಿತ್ತು. ಹಸಿವು, ಬೆವರು, ರಕ್ತವನ್ನು ಅಲ್ಲಿಯವರೆಗೆ ಯಾರೂ ಹಾಗೆ ಎಣಿಸಿರಲಿಲ್ಲ. ಈಗ ಬರೆಯುತ್ತಿರುವ ನಮ್ಮ ಪೀಳಿಗೆ ಅಲ್ಲಿಗೇ ನಿಂತರೆ ಆಗದು. ನಮ್ಮ ಕವಿತೆಯೊಳಗೆ ಕೈ ಬಂದಾಗಲೆಲ್ಲ ಅದು ಬೊಬ್ಬೆ ಎದ್ದ ಕೈ, ಮುಷ್ಟಿ ಕಟ್ಟಿದ ಕೈ. ಅಳೆಯುವ ಕೈ, ಹದ ನೋಡುವ ಕೈ, ತಪ್ಪಿದ ಮೂಲೆಯನ್ನು ಮುಟ್ಟಿಯೇ ಕಂಡುಹಿಡಿಯುವ ಕೈ ಎಲ್ಲಿದೆ? ನೋವಿನ ಕೈಗೆ ಲೋಕ ಕನಿಕರ ತೋರಿಸುತ್ತದೆ. ತಿಳಿದ ಕೈಗೆ ಕೂಲಿ ಕೊಡಬೇಕಾಗುತ್ತದೆ.

ಇದು ಬರೀ ಕಾವ್ಯದ ಪ್ರಶ್ನೆಯಲ್ಲ. ಅಥಣಿಯ ಕಡೆ ನೋಡಿ. ಕೊಲ್ಹಾಪುರಿ ಅಂತ ಹೆಸರಾದ ಚಪ್ಪಲಿಯನ್ನು ನಮ್ಮ ಬೆಳಗಾವಿ ಸೀಮೆಯಲ್ಲೂ ತಲೆತಲಾಂತರದಿಂದ ಹೊಲಿಯುತ್ತಾ ಬಂದಿದ್ದಾರೆ. ಮೊಳೆ ಬಳಸದೆ ಚರ್ಮದ ದಾರದಲ್ಲೇ ಹೊಲಿಯುವ ಕಸುಬು. ಮೇಲಿನ ಜಡೆ ಹೆಣೆಯುವ ಕೆಲಸ ಹೆಚ್ಚಾಗಿ ಹೆಂಗಸರದು. 2019ರಲ್ಲಿ ಈ ಚಪ್ಪಲಿಗೆ ಭೌಗೋಳಿಕ ಗುರುತಿನ ಮಾನ್ಯತೆ ಬಂತು. ಮಹಾರಾಷ್ಟ್ರದ ನಾಲ್ಕು, ಕರ್ನಾಟಕದ ನಾಲ್ಕು ಜಿಲ್ಲೆಗಳಿಗೆ ಸೇರಿದ ಮಾನ್ಯತೆ. ಅದನ್ನು ಪಡೆದದ್ದು ಎರಡೂ ರಾಜ್ಯಗಳ ಚರ್ಮೋದ್ಯಮ ನಿಗಮಗಳು. ನಮ್ಮ ಕಡೆಯದು 1976ರಲ್ಲಿ ಹುಟ್ಟಿದ ಲಿಡ್ಕರ್. ಇದೂ ಒಂದು ಸರ್ಟಿಫಿಕೇಟೇ. ಹೀಗಿದ್ದೂ 2025ರ ಜೂನ್‌ನಲ್ಲಿ ಇಟಲಿಯ ಪ್ರಾಡಾ ಕಂಪನಿ ಮಿಲಾನಿನ ಪ್ರದರ್ಶನದಲ್ಲಿ ಅದೇ ಚಹರೆಯ ಮೆಟ್ಟನ್ನು ತೋರಿಸಿದಾಗ ಹೊಲಿದವರ ಹೆಸರು ಎಲ್ಲೂ ಇರಲಿಲ್ಲ. ಗದ್ದಲವಾದ ಮೇಲೆ ಮೂಲ ಯಾವುದೆಂದು ಒಪ್ಪಿಕೊಂಡರು. ನಿಗಮಕ್ಕೆ ಕಾಗದ ಇದ್ದರೆ ಸಾಲದು, ಕಸುಬುದಾರನ ಹೆಸರು ಕಸುಬಿನ ಜೊತೆ ಹೋಗಬೇಕು. ಇಲ್ಲವಾದರೆ ಕೇರಿಯಲ್ಲಿ ಮುಟ್ಟಿಸಿಕೊಳ್ಳದ ಮೆಟ್ಟು ಮಿಲಾನಿನಲ್ಲಿ ಮೆರೆಯುತ್ತದೆ, ಹೊಲಿದವನು ಕೇರಿಯಲ್ಲೇ ಉಳಿಯುತ್ತಾನೆ.

'ಹಾಗಾದರೆ ಕಾಗದವೇ ಬೇಡ ಅಂತೀಯೇನಯ್ಯ?' ಅಂತ ಗೆಳೆಯರು ಕೇಳಬಹುದು. ಕಾಗದ ಬೇಕು. ಕಾಗದವಿಲ್ಲದ ಜನ ಈ ರಾಜ್ಯದಲ್ಲಿ ಇದ್ದೂ ಇಲ್ಲದವರು. ಬ್ಯಾಂಕಿನವನು ನಂಬುವುದು ಕಾಗದವನ್ನು. 1996ರ ಕಾಯ್ದೆಯಿಂದ ಹುಟ್ಟಿದ ಕಟ್ಟಡ ಕಾರ್ಮಿಕರ ಕಲ್ಯಾಣ ಮಂಡಳಿಯ ಕಾರ್ಡು ಸಿಗಬೇಕಾದರೆ ವರ್ಷದಲ್ಲಿ 90 ದಿನ ದುಡಿದದ್ದಕ್ಕೆ ರುಜುವಾತು ಬೇಕು. ಸಾರವೆಯಿಂದ ಬಿದ್ದು ಸತ್ತವನ ಹೆಂಡತಿಗೆ ಪರಿಹಾರ ಸಿಗುವುದು ಅವನು ಕಾರ್ಮಿಕ ಎಂದು ಕಾಗದ ಹೇಳಿದರೆ ಮಾತ್ರ. ಕಾಗದವನ್ನು ತಿರಸ್ಕರಿಸುವ ಶೋಕಿ ಮನೆಯಲ್ಲಿ ಹತ್ತು ಕಾಗದ ಇರುವವರಿಗೆ ಇರಲಿ. ನಮ್ಮ ಜಗಳ ಕಾಗದದ ಜೊತೆ ಅಲ್ಲ, ಅದನ್ನು ಬರೆಯುವ ಕ್ರಮದ ಜೊತೆ.

ನಮ್ಮ ಬೇಡಿಕೆ ಹೀಗಿರಲಿ. ಕಸುಬುದಾರನ ಪರೀಕ್ಷೆಯನ್ನು ಕಸುಬುದಾರರೇ ಮಾಡಬೇಕು, ಕೆಲಸದ ಜಾಗದಲ್ಲಿ ಮಾಡಬೇಕು, ಕೆಲಸದವರ ಮಾತಿನಲ್ಲಿ ಮಾಡಬೇಕು. ಮೇಸ್ತ್ರಿಯೊಬ್ಬ ಹುಡುಗರಿಗೆ ಕಲಿಸಿದರೆ ಅವನನ್ನು ಶಿಕ್ಷಕನೆಂದು ದಾಖಲಿಸಿ ಸಂಬಳ ಕೊಡಬೇಕು. ಸರ್ಟಿಫಿಕೇಟು ಬಂದ ದಿನದಿಂದ ಕೂಲಿಯ ದರ ಏರಬೇಕು, ಏರಿಸದ ಕಂಟ್ರಾಕ್ಟರನಿಗೆ ಸರ್ಕಾರಿ ಕೆಲಸ ಸಿಗಬಾರದು. ಅಪ್ರೆಂಟಿಸ್‌ನನ್ನು ಕಾರ್ಮಿಕನೆಂದು ಕರೆಯಬೇಕು. ಬಾಂಡ್ಲಿ ಹೊರುವ ಹೆಣ್ಣುಮಕ್ಕಳಿಗೆ ಕರಣೆಯ ತರಬೇತಿ ಮೊದಲು ಸಿಗಬೇಕು, ಒಂದು ಕುಟುಂಬಕ್ಕೆ ಒಬ್ಬರೆಂಬ ಷರತ್ತು ಹೋಗಬೇಕು. ಇದೆಲ್ಲಕ್ಕಿಂತ ಮುಖ್ಯವಾಗಿ ಅರ್ಜಿಯಲ್ಲಿ ಅಪ್ಪನ ಕಸುಬು ಕೇಳಬಾರದು. ಮೇಲ್ಜಾತಿಯ ಹುಡುಗ ಚಪ್ಪಲಿ ಹೊಲಿಯಲು ಬಂದು ಅಥಣಿಯ ಮಾದರ ಮುದುಕನ ಮುಂದೆ ನೆಲದಲ್ಲಿ ಕೂತು ಕಲಿಯಲಿ. ಆ ಮುದುಕನ ಮೊಮ್ಮಗಳು ಲೇತ್ ಮೆಷಿನ್ ಮುಂದೆ ನಿಲ್ಲಲಿ. ಇವೆರಡೂ ಒಟ್ಟಿಗೆ ಆದ ದಿನ ಕಸುಬು ಕಸುಬಾಗುತ್ತದೆ. ಅಲ್ಲಿಯವರೆಗೆ ಅದು ಜಾತಿಯ ಇನ್ನೊಂದು ಹೆಸರು.

ಹಳ್ಳಿಗಳಲ್ಲಿ ಪಾಠ ಮಾಡುವ ಮೇಷ್ಟ್ರುಗಳಿಗೆ, ಮೇಡಂಗಳಿಗೆ ಒಂದು ಮಾತು. ನಿಮ್ಮ ಶಾಲೆಯಲ್ಲಿ ಲಂಬಕೋನದ ಪಾಠ ಬಂದ ದಿನ ಊರಿನ ಗಾರೆಯವನನ್ನು ಕರೆಸಿ. ಮೂಲೆಮಟ್ಟ ಇಲ್ಲದೆ ಬರೀ ದಾರದಲ್ಲಿ ಮೂರಡಿ, ನಾಲ್ಕಡಿ, ಐದಡಿ ಅಳೆದು ಅವನು ಮೂಲೆ ಹಿಡಿಯುವುದನ್ನು ಮಕ್ಕಳು ನೋಡಲಿ. ಅವನನ್ನು ಕುರ್ಚಿಯ ಮೇಲೆ ಕೂರಿಸಿ. ವಿದ್ಯಾರ್ಥಿ ಗೆಳೆಯರಿಗೆ, ಸಂಘಟನೆಯ ಗೆಳೆಯರಿಗೆ ಇನ್ನೊಂದು ಕೆಲಸ. ನಿಮ್ಮ ನಿಮ್ಮ ಕೇರಿಯಲ್ಲಿ ಪ್ರತಿ ಕಸುಬಿನ ಸಲಕರಣೆಗಳ ಹೆಸರು, ಹದದ ಮಾತುಗಳು, ಅಳತೆಯ ಮಾತುಗಳನ್ನು ಕೇಳಿ ಬರೆದುಕೊಳ್ಳಿ. ಹೇಳಿದವರು ಒಪ್ಪಿದರೆ ಅವರ ಹೆಸರನ್ನೂ ಬರೆಯಿರಿ. ಹೆಣ್ಣಾಳುಗಳನ್ನು ಮೊದಲು ಕೇಳಿ. ಬರೆದದ್ದನ್ನು ಈ ಪತ್ರಿಕೆಗೆ ಕಳಿಸಿ. ಮುಂದಿನ ಸಲ ಟ್ಯಾಬ್ಲೆಟ್ ಹಿಡಿದು ಯಾರಾದರೂ ಪರೀಕ್ಷೆ ಮಾಡಲು ಬಂದರೆ ಅವರ ಮುಂದೆ ನಮ್ಮ ಪ್ರಶ್ನೆಪತ್ರಿಕೆಯೂ ಒಂದು ಇರಬೇಕು.